ಎರಡನೆಯ ಬಣವೆ

ನಮ್ಮ ಹಸು ಜೋಯಾನ ಸತ್ತಾಗ ಊರಿನವರು ಮೊದಲು ಕೇಳಿದ್ದು, "ಸೊಸೆ ಅದಕ್ಕೆ ಏನು ಹಾಕಿದ್ಲು?" ಎಂದು. ಹುಲ್ಲು ಕೊಯ್ದವರು ಯಾರು, ಬಣವೆ ಒಟ್ಟಿದವರು ಯಾರು ಎಂದು ಒಬ್ಬರೂ ಕೇಳಲಿಲ್ಲ. ಗೋದಲಿಗೆ ಹುಲ್ಲು ಹಾಕುವ ಕೈ ಹೆಂಗಸಿನದು, ಹಾಗಾಗಿ ತಪ್ಪೂ ಅವಳದೇ. ಇದನ್ನು ನೆನೆದರೆ ನನಗೆ ಈಗಲೂ ಮೈ ಉರಿಯುತ್ತದೆ.

ನಾನು ಸಫ್ತಾ, ತೋಡೆರನ ತಂಗಿ. ಗಂಡ ತೀರಿಕೊಂಡ ಮೇಲೆ ಹನ್ನೊಂದು ವರ್ಷದಿಂದ ಅಣ್ಣನ ಮನೆಯ ಹಿಂದಿನ ಕೋಣೆಯಲ್ಲಿದ್ದೇನೆ. ಮನೆಯಲ್ಲಿ ಅಣ್ಣ, ಅತ್ತಿಗೆ ನಸ್ತಾಸಿಯ, ಅವರ ಮಗ ಗವ್ರಿಲ, ಸೊಸೆ ದೋಮ್ನಿಕ, ಐದು ವರ್ಷದ ಮೊಮ್ಮಗಳು ಇಲಿಂಕ. ಜೋಯಾನ ಎಂಬುದು ದೋಮ್ನಿಕಳ ಜೊತೆ ಅವಳ ತವರಿನಿಂದ ಬಂದ ಹಸು. ಗುರುವಾರ ಹುಟ್ಟಿದ್ದರಿಂದ ಆ ಹೆಸರು. ನಮ್ಮ ಕಡೆ ಹಸುವಿಗೆ ಹುಟ್ಟಿದ ವಾರದ ಹೆಸರನ್ನೇ ಇಡುತ್ತೇವೆ. ಅದು ಕರೆಯುತ್ತಿದ್ದ ಹಾಲಿನಿಂದಲೇ ಮನೆಯ ಅರ್ಧ ಅಡುಗೆ ನಡೆಯುತ್ತಿತ್ತು.

ಇದು ಶುರುವಾದದ್ದು ಹಿಂದಿನ ವರ್ಷದ ಮೇ ತಿಂಗಳಲ್ಲಿ, ರಾತ್ರಿಯೂಟದ ಮೇಜಿನ ಮುಂದೆ.

ಗುಡ್ಡದ ಮೇಲೆ ನಮಗೊಂದು ಹುಲ್ಲುಗಾವಲಿದೆ. ಶರತ್ಕಾಲದಲ್ಲಿ ಅಲ್ಲಿ ಬರಿಯ ನೆಲದಿಂದ ನೇರಳೆ ಹೂ ಏಳುತ್ತದೆ, ಎಲೆಯೇ ಇಲ್ಲದೆ. ಅದಕ್ಕೇ ನಾವು ಅದನ್ನು ಬತ್ತಲೆ ಹೂ ಎನ್ನುತ್ತೇವೆ. ಎಲೆ ಬರುವುದು ಮುಂದಿನ ವಸಂತದಲ್ಲಿ, ಅಗಲವಾಗಿ, ಕೊಬ್ಬಿಕೊಂಡು, ನಡುವೆ ಹಸಿರು ಕಾಯಿ ಹೊತ್ತು. ಮೇಯುವ ಹಸು ಅದನ್ನು ಮೂಸಿ ಬಿಟ್ಟುಬಿಡುತ್ತದೆ. ಆದರೆ ಕೊಯ್ದು ಒಣಗಿಸಿ ಹುಲ್ಲಿನೊಳಗೆ ಬೆರೆಸಿ ಕೊಟ್ಟರೆ ಪಾಪ ಅದಕ್ಕೇನು ಗೊತ್ತಾಗಬೇಕು? ಆದ್ದರಿಂದ ಪ್ರತಿ ಮೇ ತಿಂಗಳು, ಕೊಯ್ಲಿಗೆ ಮುಂಚೆ, ಮನೆಯ ಹೆಂಗಸರು ಗಾವಲಿನ ಉದ್ದಕ್ಕೂ ಸಾಲಾಗಿ ನಡೆದು ಎಲೆ ಕಾಯಿ ಸಮೇತ ಅದನ್ನು ಕಿತ್ತು ಚೀಲಕ್ಕೆ ತುಂಬುತ್ತಿದ್ದೆವು. ಮೂರು ದಿನದ ಕೆಲಸ. ನನ್ನ ಅಜ್ಜಿ ಮಾಡಿದ್ದಳು, ಅಮ್ಮ ಮಾಡಿದ್ದಳು, ಅತ್ತಿಗೆ ನಲವತ್ತು ವರ್ಷ ಮುಂದೆ ನಿಂತು ಮಾಡಿಸಿದ್ದಳು. ಗಂಡಸರು ಒಬ್ಬರೂ ಬಂದವರಲ್ಲ. ಅವರ ಪಾಲಿಗೆ ಅದು ಅವರೆಕಾಳಿನಲ್ಲಿ ಕಲ್ಲು ಆರಿಸುವ ಹಾಗೆ ಹೆಂಗಸರ ಕಾಲಕ್ಷೇಪ.

ಆ ವರ್ಷ ಅತ್ತಿಗೆಯ ಮಂಡಿ ಊದಿಕೊಂಡಿತ್ತು. ದೋಮ್ನಿಕ ಹುಳಿಕೋಸಿನ ಸಾರು ಬಡಿಸುತ್ತಾ ಹೇಳಿದಳು.

"ಮಾವ, ನಾಳೆ ನಾನೂ ಸಣ್ಣತ್ತೆನೂ ಮೇಲಿನ ಗಾವಲಿಗೆ ಹೋಗ್ತೀವಿ. ಬತ್ತಲೆ ಹೂ ಕೀಳ್ಬೇಕು."

"ಮೂರು ದಿನಾನಾ?" ಅಣ್ಣ ಚಮಚ ಕೆಳಗಿಟ್ಟ. "ಆಲೂಗಡ್ಡೆ ಹೊಲದ ಕಳೆ ಯಾರು ತೆಗೀತಾರೆ, ನಿಮ್ಮಪ್ಪ ಬರ್ತಾನಾ?"

"ಕೀಳದಿದ್ರೆ ಹುಲ್ಲಲ್ಲಿ ಸೇರ್ಕೊಳತ್ತೆ ಮಾವ."

"ಸೇರ್ಕೊಳ್ಳಿ. ಬಿಸಿಲಿಗೆ ವಿಷ ಎಲ್ಲ ಹೋಗತ್ತೆ. ತೊರೆ ಪಕ್ಕ ಹಳದಿ ಹೂ ನೋಡಿಲ್ವಾ ನೀನು? ಹಸೀದು ತಿಂದ್ರೆ ಹಸು ಬಾಯೆಲ್ಲ ಬೊಬ್ಬೆ. ಒಣಗಿದ್ರೆ ಚಪ್ಪರಿಸ್ಕೊಂಡು ತಿನ್ನತ್ತೆ."

"ಅದು ಬೇರೆ, ಇದು ಬೇರೆ."

"ಬಯಲು ಸೀಮೆಯಿಂದ ಬಂದೋಳು ನಂಗೆ ಗುಡ್ಡದ ಹುಲ್ಲು ಹೇಳ್ಕೊಡ್ತಾಳೆ, ಕೇಳ್ಕೊ ನಸ್ತಾಸಿಯ!"

ಹಳದಿ ಹೂವಿನ ಮಾತು ನಿಜವೇ. ಅದು ಒಣಗಿದರೆ ನಿರಪಾಯ, ನಮ್ಮೂರಿನ ಮಕ್ಕಳಿಗೂ ಗೊತ್ತು. ಒಂದು ಗಿಡದ ನಿಜವನ್ನು ತಂದು ಇನ್ನೊಂದು ಗಿಡದ ತಲೆಗೆ ಕಟ್ಟಿದ, ಅಷ್ಟೆ. ಅತ್ತಿಗೆಗೆ ಇದು ತಿಳಿಯದೆ? ಅವಳು ಮೆಕ್ಕೆಜೋಳದ ಮುದ್ದೆಯನ್ನು ದಾರದಿಂದ ಕೊಯ್ದು ತಟ್ಟೆಗೆ ಇಡುತ್ತಾ ಕೂತಳು, ಬಾಯಿ ಬಿಡಲಿಲ್ಲ. ನಾನೂ ಬಿಡಲಿಲ್ಲ. ಅಣ್ಣನ ಮನೆಯ ಅನ್ನ ತಿನ್ನುವವಳು ಎಂದು ಸುಮ್ಮನಾದೆ. ಸಿಟ್ಟು ಅಣ್ಣನ ಮೇಲೆ ಮಾತ್ರವಲ್ಲ, ನನ್ನ ಮೇಲೂ ಇದೆ.

ಜುಲೈನಲ್ಲಿ ಗವ್ರಿಲ ಕೊಯ್ಯುವ ಯಂತ್ರವೊಂದನ್ನು ಎರವಲು ತಂದು, ನಾಲ್ಕು ಆಳು ಎರಡು ದಿನ ಕೊಯ್ಯುತ್ತಿದ್ದುದನ್ನು ಒಂದೇ ಬೆಳಿಗ್ಗೆ ಮುಗಿಸಿದ. ಮೇಲೆಯೇ ಕಂಬ ನೆಟ್ಟು ಎರಡು ಬಣವೆ ಒಟ್ಟಿದರು. ಒಂದು ನಮಗೆ. ಇನ್ನೊಂದು ಪಲಾಗ್ಯಳಿಗೆ. ಪಲಾಗ್ಯ ಚರ್ಚಿನ ಕೆಳಗಿನ ಮನೆಯ ವಿಧವೆ. ಆಲೂಗಡ್ಡೆ ಅಗೆಯಲು ನಮ್ಮಲ್ಲಿಗೆ ಬರುತ್ತಾಳೆ, ಅದಕ್ಕೆ ಪ್ರತಿಯಾಗಿ ಅಣ್ಣ ಅವಳಿಗೆ ವರ್ಷಕ್ಕೊಂದು ಬಣವೆ ಕೊಡುತ್ತಾನೆ. ಅವಳಿಗಿರುವುದು ಒಂದೇ ಹಸು, ಆಗ ಅದು ಗಬ್ಬವಾಗಿತ್ತು.

ಮೇಲಿನ ಗಾವಲಿನ ಹುಲ್ಲು ನಯ, ಘಮಘಮ. ಚಳಿಗಾಲದ ಕೊನೆಗೆಂದು, ಅದೂ ಕರೆಯುವ ಹಸುವಿಗೆಂದೇ ಎತ್ತಿಡುವ ಹುಲ್ಲು ಅದು. ಈಸ್ಟರ್ ಮುಂಚಿನ ದೊಡ್ಡ ಉಪವಾಸದ ಮೊದಲ ವಾರ, ಹಿಮ ಇನ್ನೂ ಗಟ್ಟಿಯಿದ್ದಾಗ, ಗವ್ರಿಲ ನಮ್ಮ ಬಣವೆಯನ್ನು ಜಾರುಬಂಡಿಯಲ್ಲಿ ಇಳಿಸಿ ತಂದ. ಕೊಟ್ಟಿಗೆಯ ಅಟ್ಟಕ್ಕೆ ಹಾಕುವಾಗ ದೋಮ್ನಿಕ ಒಂದು ಹಿಡಿ ಎತ್ತಿ ಕಿವಿಯ ಹತ್ತಿರ ಅಲ್ಲಾಡಿಸಿದಳು. ಒಣಗಿದ ಕಾಯಿಯೊಳಗೆ ಬೀಜ ಗಿಲಗಿಲ ಎಂದವು.

"ಗವ್ರಿಲ, ಇದ್ರ ತುಂಬಾ ಕಾಯಿ ಇದೆ ಕಣೋ."

"ಅಪ್ಪನ್ನ ಕೇಳು."

ಅಪ್ಪನನ್ನು ಕೇಳಿದಳು. "ನಿನ್ನ ರಾಣಿ ಹಸುವಿಗೆ ಬೇಕಾದ್ರೆ ಆರ್ಸಿ ಹಾಕು, ಯಾರು ಬೇಡ ಅಂದ್ರು?" ಎಂದ ಅಣ್ಣ.

ಅವಳು ಆರಿಸಿದಳು. ದಿನಾ ಸಂಜೆ ಒಂದು ಗಂಟೆ ಕೊಟ್ಟಿಗೆಯಲ್ಲಿ ಕೂತು, ಬೆರಳು ಸೆಟೆದುಕೊಳ್ಳುವ ಚಳಿಯಲ್ಲಿ ಆರಿಸಿದಳು. ಕೆಲವು ಸಲ ನಾನೂ ಕೂತೆ. ಕಾಯಿಯನ್ನು ಆರಿಸಬಹುದು. ಯಂತ್ರ ಕತ್ತರಿಸಿ ಪುಡಿ ಮಾಡಿದ ಎಲೆಯನ್ನು, ಒಡೆದ ಕಾಯಿಯಿಂದ ಉದುರಿದ ಬೀಜವನ್ನು ಆರಿಸುವುದು ಹೇಗೆ? ಬೇರೆ ಹುಲ್ಲು ಹಾಕೋಣವೆಂದರೆ ಕೆಳಗಿನ ಗಾವಲಿನ ಹುಲ್ಲು ಕುದುರೆಗೆ, ಅದನ್ನಿಟ್ಟ ಕೊಠಡಿಯ ಬೀಗದ ಕೈ ಅಣ್ಣನ ಸೊಂಟದಲ್ಲಿ.

ಉಪವಾಸದಲ್ಲಿ ನಮ್ಮಲ್ಲಿ ದೊಡ್ಡವರು ಹಾಲು ಮುಟ್ಟುವುದಿಲ್ಲ. ಏಳು ವಾರ ಹುರುಳಿಕಾಯಿ ಬೀಜ, ಆಲೂಗಡ್ಡೆ, ಉಪ್ಪಿನಲ್ಲಿಟ್ಟ ಕೋಸು. ಕರೆದ ಹಾಲೆಲ್ಲ ಈಸ್ಟರಿಗೆಂದು ಚೀಸ್ ಆಗುತ್ತದೆ. ಮನೆಯಲ್ಲಿ ಹಾಲು ಕುಡಿಯುತ್ತಿದ್ದವಳು ಇಲಿಂಕ ಒಬ್ಬಳೇ, ಬೆಳಿಗ್ಗೆ ಒಂದು ಲೋಟ, ಸಂಜೆ ಒಂದು.

ಆ ಹುಲ್ಲು ಹಾಕತೊಡಗಿದ ಆರನೆಯ ದಿನ ಮಧ್ಯಾಹ್ನ ಮಗು ಮೇಜಿನ ಮುಂದೆಯೇ ಕಕ್ಕಿತು. ಮತ್ತೆ ಕಕ್ಕಿತು. ಭೇದಿ ಹಿಡಿಯಿತು. ತುಟಿ ಒಣಗಿ ಬಿಳಿಚಿಕೊಂಡಿತು.

"ಏನು ತಿನ್ಸಿದ್ಯೇ ಅದಕ್ಕೆ?" ಅತ್ತಿಗೆ ಕೂಗಿದಳು.

"ನೀವು ತಿಂದಿದ್ದನ್ನೇ ತಿಂದಿದ್ದು ಅತ್ತೆ."

"ನಾವೆಲ್ಲ ನೆಟ್ಟಗಿದ್ದೀವಲ್ಲ! ಉಪವಾಸದ ದಿನದಲ್ಲಿ ಮಗೂಗೆ ಹಾಲು ಕೊಡಬೇಡ ಅಂದೆ, ಕೇಳಿದ್ಯಾ? ದೇವರು ಸುಮ್ನೆ ಇರ್ತಾನಾ?"

"ಐದು ವರ್ಷದ ಮಗೂಗೆ ಎಂಥಾ ಉಪವಾಸ ಅತ್ತೆ? ಪಾದ್ರಿಗಳೇ ಬೇಡ ಅಂತಾರೆ."

"ಬಾಯಿ ನೋಡು, ಬಾಯಿ," ಎಂದ ಅಣ್ಣ, ರೊಟ್ಟಿ ಮುರಿಯುತ್ತಾ.

ಗವ್ರಿಲ ಅಷ್ಟರಲ್ಲಿ ಫೋನು ಮಾಡಿದ್ದ. ಆಂಬುಲೆನ್ಸು ತಾಯಿ ಮಗುವನ್ನು ಪಟ್ಟಣದ ಆಸ್ಪತ್ರೆಗೆ ಒಯ್ದಿತು. ಮಾರನೆಯ ಬೆಳಿಗ್ಗೆ ದೋಮ್ನಿಕ ನನಗೆ ಫೋನು ಮಾಡಿದಳು.

"ಸಣ್ಣತ್ತೆ, ಡಾಕ್ಟರು ಕೇಳ್ತಿದ್ದಾರೆ, ಮಗು ತಿಂದು ಮನೇಲಿ ಬೇರೆ ಯಾರೂ ತಿನ್ನದೇ ಇರೋದು ಏನು ಅಂತ. ಹಾಲು ಸಣ್ಣತ್ತೆ. ಹಾಲೊಂದೇ. ಓಡಿ ಹೋಗಿ ಜೋಯಾನನ್ನ ನೋಡಿ."

ಓಡಿದೆ. ಜೋಯಾನ ಗೋಡೆಗೆ ಹಣೆ ಒತ್ತಿ ನಿಂತಿತ್ತು. ಜೊಲ್ಲು ನೆಲದವರೆಗೆ ಇಳಿಯುತ್ತಿತ್ತು, ಹಲ್ಲು ಕಟಕಟ ಕಡಿಯುತ್ತಿತ್ತು. ಸಗಣಿಯಲ್ಲಿ ರಕ್ತ. ನಾನು ಮುಟ್ಟಿದರೆ ತಿರುಗಿಯೂ ನೋಡಲಿಲ್ಲ.

ದನದ ಡಾಕ್ಟರು ಬರುವ ಹೊತ್ತಿಗೆ ಅದು ಮಲಗಿಬಿಟ್ಟಿತ್ತು. ಮರುದಿನ ಮಧ್ಯಾಹ್ನ ಸತ್ತಿತು. ಅವರು ಹೊಟ್ಟೆ ಕೊಯ್ದು, ಒಳಗಿನಿಂದ ಹಿಡಿಯಷ್ಟು ತೆಗೆದು ನೀರಿನಲ್ಲಿ ತೊಳೆದು ಅಂಗೈಯಲ್ಲಿ ಹಿಡಿದು ತೋರಿಸಿದರು. ಕಂದು ಬೀಜ, ಕಾಯಿಯ ಚೂರು.

"ಇದಕ್ಕೆ ಮದ್ದಿಲ್ಲ," ಎಂದರು. "ಅಟ್ಟದಲ್ಲಿರೋ ಹುಲ್ಲು ಸುಟ್ಟುಬಿಡಿ. ಹಾಲು, ಚೀಸು, ಒಂದು ತುಣುಕೂ ಇಟ್ಕೋಬೇಡಿ."

"ಹಾಲು ಕುದ್ಸಿದ್ವಲ್ಲ?" ಎಂದಳು ಅತ್ತಿಗೆ.

"ಕುದ್ಸಿದ್ರೂ ಹೋಗಲ್ಲ ಅಮ್ಮ. ಒಣಗ್ಸಿದ್ರೂ ಹೋಗಲ್ಲ. ಇಟ್ಟಷ್ಟು ದಿನಾನೂ ಹಾಗೇ ಇರತ್ತೆ."

ಅಣ್ಣ ಮೀಸೆ ನೀವುತ್ತಾ ನಿಂತಿದ್ದ. ಡಾಕ್ಟರ ಗಾಡಿ ಗೇಟು ದಾಟಿದ್ದೇ ತಡ, "ಇವನು ನಿನ್ನೆ ಮೊನ್ನೆ ಹುಟ್ಟಿದ ಹುಡುಗ," ಎಂದ. ಆಮೇಲೆ, ನನ್ನ ಮುಂದೆಯೇ, ಬೇಲಿಯಾಚೆ ಸೇರಿದ್ದ ನಾಲ್ಕು ಜನರಿಗೆ ಕೇಳುವ ಹಾಗೆ ಹೇಳಿದ: "ಆರ್ಸಿ ಹಾಕು ಅಂತ ಬಡ್ಕೊಂಡಿದ್ದೆ. ಸೊಸೆ ಕೇಳ್ಬೇಕಲ್ಲ! ಸೋಮಾರಿ."

ಸೋಮಾರಿಯಂತೆ! ಮಗಳ ಕೈಗೆ ಸೂಜಿ ಚುಚ್ಚಿಸಿ ಆಸ್ಪತ್ರೆಯ ಮಂಚದ ಪಕ್ಕ ಕೂತಿರುವವಳನ್ನು ಇಲ್ಲಿ ಬೇಲಿ ಪಕ್ಕ ನಿಂತು ಸೋಮಾರಿ ಎಂದ. ಸಂಜೆಯೊಳಗೆ ಊರೆಲ್ಲ ಅದೇ ಮಾತು. ನಾನು ಬೇಕರಿಯ ಮುಂದೆ ಇಬ್ಬರೊಡನೆ ಜಗಳ ಕಾದೆ. ಏನು ಪ್ರಯೋಜನ? ಅಣ್ಣನ ಮಾತು ನನಗಿಂತ ಮುಂಚೆ ಎಲ್ಲ ಮನೆ ತಲುಪಿತ್ತು.

ಅಟ್ಟದ ಹುಲ್ಲನ್ನು ಗವ್ರಿಲ ಸುಟ್ಟ. ಗುಡ್ಡದ ಮೇಲೆ ಇನ್ನೊಂದು ಬಣವೆ ಇದೆಯೆಂದು ಡಾಕ್ಟರಿಗೆ ಯಾರೂ ಹೇಳಿರಲಿಲ್ಲ.

ಒಂಬತ್ತು ದಿನಕ್ಕೆ ಮಗು ಮನೆಗೆ ಬಂತು, ಅರ್ಧ ಕರಗಿಹೋಗಿ. ದೋಮ್ನಿಕ ಅದನ್ನು ಒಲೆಯ ಪಕ್ಕದ ಹಾಸಿಗೆಯಲ್ಲಿ ಮಲಗಿಸಿ, ಕೋಟು ಬಿಚ್ಚುವ ಮುಂಚೆಯೇ ಕೇಳಿದಳು.

"ಮಾವ, ಎರಡನೇ ಬಣವೆ ಏನಾಯ್ತು?"

"ಏನಾಗ್ಬೇಕು? ಪಲಾಗ್ಯಂದು. ಶನಿವಾರ ಬಂದು ಒಯ್ತಾಳೆ."

"ಅದೂ ಅದೇ ಗಾವಲಿನ ಹುಲ್ಲು!"

"ಅದು ಆ ಕಡೆ ಅಂಚಿನ ಹುಲ್ಲು, ಶುದ್ಧವಾಗಿದೆ."

"ಮಾವ, ಅವಳ ಹಸು ಈಯೋ ದಿನ. ನಮ್ಮ ಕುದುರೆ ಹುಲ್ಲಲ್ಲಿ ಅರ್ಧ ಕೊಡೋಣ. ಕುದುರೆಗೆ ನಾನು ಬೇರೆ ಎಲ್ಲಿಂದಾದ್ರೂ ಹೊಂದಿಸ್ತೀನಿ."

ಅಣ್ಣ ಮೇಜು ಗುದ್ದಿದ. "ತೋಡೆರನ ಹುಲ್ಲು ವಿಷ ಅಂತ ಊರಿಗೆಲ್ಲ ಸಾರ್ಬೇಕಾ? ನಲವತ್ತು ವರ್ಷ ಹುಲ್ಲು ಕೊಯ್ದಿದ್ದೀನಿ. ಒಂದು ಮಾತು ಹೊರಗೆ ಹೋದ್ರೆ ನೋಡು!"

ಅಂದರೆ, ಅವನ ಹೆಸರು ಉಳಿಯಬೇಕು. ಅದಕ್ಕೆ ವಿಧವೆಯ ಹಸು ಸತ್ತರೂ ಪರವಾಗಿಲ್ಲ. ಗವ್ರಿಲ ತಲೆ ತಗ್ಗಿಸಿ ಬೂಟಿನ ದಾರ ಕಟ್ಟುತ್ತಾ ಕೂತ. ಕಟ್ಟಿದ್ದನ್ನೇ ಬಿಚ್ಚಿ ಮತ್ತೆ ಕಟ್ಟಿದ. ಇಪ್ಪತ್ತೊಂಬತ್ತು ವರ್ಷದ ಗಂಡಸು!

ದೋಮ್ನಿಕ ಮಾತು ಕೇಳುವವಳಲ್ಲ, ಅದೇ ಅವಳ ಪುಣ್ಯ. ಮರುದಿನ ನನ್ನನ್ನೂ ಕರೆದುಕೊಂಡು ಪಲಾಗ್ಯಳ ಮನೆಗೆ ಹೋದಳು. ಪಲಾಗ್ಯ ಬಾಗಿಲಲ್ಲೇ ನಿಲ್ಲಿಸಿದಳು.

"ತೋಡೆರಣ್ಣ ಹೇಳಿದ್ರು ನೀನು ಬರ್ತೀಯ ಅಂತ. ತಪ್ಪು ಹುಲ್ಲಿನ ಮೇಲೆ ಹಾಕಿ ತಪ್ಪಿಸ್ಕೊಳೋಕೆ."

"ಅಕ್ಕ, ನನ್ನ ಮಗು ಸಾಯೋದ್ರಲ್ಲಿತ್ತು. ಸುಳ್ಳು ಹೇಳೋಕೆ ಇಷ್ಟು ದೂರ ಬರ್ತೀನಾ?"

"ನಂಗೆ ಹುಲ್ಲು ಮುಗಿದು ಎರಡು ದಿನ ಆಯ್ತು. ಮೇ ತಿಂಗಳವರೆಗೆ ಏನು ಹಾಕ್ಲಿ, ಹೇಳು? ನಿನ್ನ ಮಾತು ಹಾಕ್ಲಾ?" ಬಾಗಿಲು ಮುಚ್ಚಿದಳು. ಒಳಗಿನಿಂದ ಹಸು ಹಸಿದು ಕೂಗುವುದು ಕೇಳಿಸಿತು.

ಶುಕ್ರವಾರ ಮಧ್ಯಾಹ್ನ ಅತ್ತಿಗೆ ಮೊಮ್ಮಗಳ ತಲೆ ಬಾಚಲು ಕೂತಳು. ಎರಡನೆಯ ಸಲ ಎಳೆದಾಗ ಬಾಚಣಿಗೆಯ ತುಂಬ ಕೂದಲು ಬಂತು. ಮೂರನೆಯ ಸಲ ಇನ್ನಷ್ಟು. ಬುಡದಿಂದಲೇ, ನೋವೇ ಇಲ್ಲದೆ, ಸುಮ್ಮನೆ ಕಳಚಿಕೊಂಡು ಬರುತ್ತಿತ್ತು.

"ಅಜ್ಜಿ, ಯಾಕೆ ನಿಲ್ಸಿದೆ?" ಎಂದಿತು ಮಗು.

ದೋಮ್ನಿಕ ಪಾತ್ರೆ ಉಜ್ಜುತ್ತಿದ್ದವಳು ತಿರುಗದೆಯೇ ಹೇಳಿದಳು, "ಹೀಗಾಗತ್ತೆ ಅಂತ ಡಾಕ್ಟರು ಹೇಳಿದ್ರು ಅತ್ತೆ. ಮತ್ತೆ ಬರತ್ತಂತೆ."

ಅತ್ತಿಗೆ ಆ ಕೂದಲನ್ನು ಬೆರಳಿಗೆ ಸುತ್ತಿ ಸುತ್ತಿ ಉಂಡೆ ಮಾಡಿ ಏಪ್ರನ್ನಿನ ಜೇಬಿಗೆ ಹಾಕಿಕೊಂಡಳು. ಆಮೇಲೆ ಕೋಲು ಹಿಡಿದು ಎದ್ದು ಕೊಟ್ಟಿಗೆಗೆ ಹೋದಳು. ದೋಮ್ನಿಕ ಆರಿಸಿ ಡಬ್ಬಿಯಲ್ಲಿ ಹಾಕಿಟ್ಟಿದ್ದ ಕಾಯಿಗಳು ಅಲ್ಲಿದ್ದವು. ಡಬ್ಬಿಯನ್ನು ಅವಳು ಒಳಗೆ ತಂದದ್ದನ್ನು ನಾನು ನೋಡಿದೆ. ಯಾಕೆಂದು ಕೇಳಲಿಲ್ಲ.

ಶನಿವಾರ ಬೆಳಿಗ್ಗೆ ಪಲಾಗ್ಯ ಎರವಲು ತಂದ ಕುದುರೆಯನ್ನು ಜಾರುಬಂಡಿಗೆ ಕಟ್ಟಿಕೊಂಡು ಬಂದಳು. ಗುಡ್ಡದ ಮೇಲೆ ಇನ್ನೂ ಹಿಮವಿತ್ತು, ಇನ್ನೆರಡು ದಿನಕ್ಕೆ ಕರಗುವಂಥದ್ದು. ಅಣ್ಣ ಬಹಳ ಉಪಚಾರದಿಂದ ಅವಳನ್ನು ಒಳಗೆ ಕರೆದ.

"ಕೂತ್ಕೊ ಪಲಾಗ್ಯ, ಏನಾದ್ರೂ ಬಿಸಿ ಕುಡಿದು ಹೋಗು. ಗವ್ರಿಲ ಬರ್ತಾನೆ ಬಣವೆ ಕೀಳೋಕೆ."

ಅತ್ತಿಗೆ ಒಲೆಯ ಮೇಲಿನ ಸಣ್ಣ ಪಾತ್ರೆಯಿಂದ ಒಂದು ಲೋಟಕ್ಕೆ ಬಗ್ಗಿಸಿ ತಂದು ಅಣ್ಣನ ಮುಂದೆ ಇಟ್ಟಳು. ಪಲಾಗ್ಯಳ ಮುಂದೆ ಇಡಲಿಲ್ಲ. ಕಂದು ಬಣ್ಣದ ನೀರು, ಹಬೆ ಏಳುತ್ತಿತ್ತು.

"ಏನಿದು?" ಎಂದ ಅಣ್ಣ.

"ನಿನ್ನ ಹುಲ್ಲಿನ ಕಷಾಯ. ಬತ್ತಲೆ ಹೂವಿನ ಕಾಯಿ. ಜುಲೈ ಬಿಸಿಲಲ್ಲಿ ಚೆನ್ನಾಗಿ ಒಣಗಿದ್ದು. ಕುಡಿ."

"ಹುಚ್ಚು ಹಿಡೀತಾ ನಿಂಗೆ?"

"ಬಿಸಿಲಿಗೆ ಎಲ್ಲ ಹೋಗತ್ತೆ ಅಂದ್ಯಲ್ಲ. ಅದ್ರ ಮೇಲೆ ಕುದ್ಸಿದ್ದೀನಿ ಬೇರೆ. ಕುಡಿ. ಪಲಾಗ್ಯನೂ ನೋಡ್ಲಿ, ಧೈರ್ಯವಾಗಿ ಒಯ್ಲಿ."

ನಲವತ್ತು ವರ್ಷದಲ್ಲಿ ಅತ್ತಿಗೆ ಅಣ್ಣನಿಗೆ ಎದುರಾಡಿದ್ದನ್ನು ನಾನು ಕಂಡಿರಲಿಲ್ಲ. ಅಣ್ಣನ ಮುಖ ಕೆಂಪೇರಿತು. ಅವನ ಜಂಬ ನನಗೆ ಗೊತ್ತು; ಕೈ ಲೋಟದ ಕಡೆ ಹೋಯಿತು. ದೋಮ್ನಿಕ, "ಮಾವ, ಬೇಡ!" ಎಂದಳು. ಅವನು ಲೋಟ ಎತ್ತಿದ. ಮೂಗಿನವರೆಗೆ ತಂದ. ಹಾಗೇ ಹಿಡಿದು ಕೂತ. ಆಮೇಲೆ ಮೇಜಿನ ಮೇಲೆ ಇಟ್ಟು, "ನಿನ್ನ ಆಟಕ್ಕೆಲ್ಲ ನಾನು ಕುಣಿಯಲ್ಲ," ಎಂದ.

ಅಷ್ಟರಲ್ಲಿ ಇಲಿಂಕ ಹಾಸಿಗೆಯಿಂದ ಇಳಿದು ಬಂದಿತ್ತು. ನಾವೆಲ್ಲ ಅಣ್ಣನ ಮುಖವನ್ನೇ ನೋಡುತ್ತಿದ್ದೆವು, ಯಾರೂ ಗಮನಿಸಲಿಲ್ಲ.

"ತಾತ, ನಂಗೂ ಒಂದು ಗುಟುಕು," ಎಂದು ಲೋಟಕ್ಕೆ ಕೈ ಹಾಕಿತು.

"ಮುಟ್ಬೇಡ!" ಅಣ್ಣ ಚೀರಿದ. ಮನೆ ನಡುಗುವ ಹಾಗೆ ಚೀರಿದ. ಕೈಯ ಬೀಸಿಗೆ ಲೋಟ ಹಾರಿ ಗೋಡೆಗೆ ಬಡಿದು ಒಡೆಯಿತು. "ಮುಟ್ಬೇಡ ಕಂದ, ಅದು ವಿಷ! ಕೈಗೆ ಬಿತ್ತಾ? ನೋಡೋಣ, ಕೈ ತೋರ್ಸು!"

ಮಗು ಹೆದರಿ ಅಳತೊಡಗಿತು. ದೋಮ್ನಿಕ ಅದನ್ನು ಎತ್ತಿಕೊಂಡು ತೊಟ್ಟಿಯ ಹತ್ತಿರ ಒಯ್ದು ಕೈ ತೊಳೆದಳು. ಗೋಡೆಯಿಂದ ಕಂದು ನೀರು ಇಳಿಯುತ್ತಿತ್ತು.

"ಕೇಳಿಸ್ಕೊಂಡ್ಯಾ ಪಲಾಗ್ಯ?" ಎಂದಳು ಅತ್ತಿಗೆ.

ಪಲಾಗ್ಯ ಎದ್ದು ನಿಂತಿದ್ದಳು. "ತೋಡೆರಣ್ಣ, ಇದನ್ನೇ ನನ್ನ ಹಸುವಿಗೆ ಕೊಡ್ತಿದ್ಯಾ? ನೀನು ಒಂದು ಗುಟುಕು ಕುಡೀದೇ ಇರೋದನ್ನ?"

ಅತ್ತಿಗೆ ಅಣ್ಣನ ಸೊಂಟಕ್ಕೆ ಕೈ ಹಾಕಿ ಬೀಗದ ಕೈ ಬಿಚ್ಚಿಕೊಂಡಳು. ಮಗುವಿನ ಬಟ್ಟೆ ಬಿಚ್ಚುವ ಹಾಗೆ ಬಿಚ್ಚಿದಳು, ಅವನು ತಡೆಯಲಿಲ್ಲ. ಅದನ್ನು ದೋಮ್ನಿಕಳ ಕೈಗೆ ಕೊಟ್ಟಳು.

"ಕುದುರೆ ಹುಲ್ಲಲ್ಲಿ ಅರ್ಧ ಪಲಾಗ್ಯನ ಬಂಡಿಗೆ ಹಾಕು. ಗವ್ರಿಲ, ಆ ಬೂಟಿನ ದಾರ ಬಿಡು. ಬೆಂಕಿಪೊಟ್ಟಣ ತಗೊಂಡು ಮೇಲೆ ಹೋಗು."

ಗವ್ರಿಲ ಹೋದ. ಮಧ್ಯಾಹ್ನದ ಹೊತ್ತಿಗೆ ಗುಡ್ಡದ ಮೇಲೆ ಹೊಗೆ ಎದ್ದಿತು, ಊರಿನವರೆಲ್ಲ ಬೀದಿಗೆ ಬಂದು ನೋಡಿದರು. ಆಮೇಲೆ ಅವರು ಏನೆಂದರು ಗೊತ್ತೆ? "ತೋಡೆರ ದೊಡ್ಡ ಮನುಷ್ಯ, ಅನುಮಾನ ಬಂದಿದ್ದಕ್ಕೆ ತನ್ನ ಹುಲ್ಲನ್ನ ತಾನೇ ಸುಟ್ಟ." ಈಗಲೂ ಹಾಗೇ ಅನ್ನುತ್ತಾರೆ. ಸೊಸೆಯನ್ನು ಸೋಮಾರಿ ಎಂದ ಬಾಯಿಗಳಲ್ಲಿ ಒಂದೂ ಬಂದು ಅವಳ ಕ್ಷಮೆ ಕೇಳಲಿಲ್ಲ. ಪಲಾಗ್ಯ ಮಾತ್ರ, ಹಸು ಈದ ಮೇಲೆ, ಹೆಣ್ಣು ಕರುವನ್ನು ಹಗ್ಗದಲ್ಲಿ ಹಿಡಿದು ತಂದು ನಮ್ಮ ಕೊಟ್ಟಿಗೆಯ ಮುಂದೆ ನಿಂತಳು. "ಹಾಲು ಬಿಟ್ಟ ಮೇಲೆ ಇದು ನಿಂದು ದೋಮ್ನಿಕ," ಎಂದಳು. ಅದು ಹುಟ್ಟಿದ್ದು ಮಂಗಳವಾರ.

ಮೇ ತಿಂಗಳ ಎರಡನೆಯ ವಾರ ನಾವು ಮೇಲಿನ ಗಾವಲಿಗೆ ಹೊರಟೆವು. ಇಲಿಂಕಳ ತಲೆಯಲ್ಲಿ ಹೊಸ ಕೂದಲು ಅರ್ಧ ಬೆರಳು ಬೆಳೆದಿತ್ತು, ಅಂಗಳದಲ್ಲಿ ಕೋಳಿ ಅಟ್ಟುತ್ತಿತ್ತು. ಅಣ್ಣ ಬೆಂಚಿನ ಮೇಲೆ ಕೂತು ಉದ್ದ ಹಿಡಿಯ ಕುಡುಗೋಲು ಮಸೆಯುತ್ತಿದ್ದ. ದೋಮ್ನಿಕ ನಮಗೆಲ್ಲ ಚೀಲ ಹಂಚಿದಳು. ನನಗೊಂದು, ಗವ್ರಿಲನಿಗೊಂದು, ಅತ್ತಿಗೆಗೊಂದು, ತನಗೊಂದು. ಐದನೆಯದನ್ನು ಮಡಿಸಿ ಅಣ್ಣನ ಮುಂದೆ ಹಿಡಿದಳು.

"ಇದು ನಿಮ್ಮದು ಮಾವ."

"ನನ್ನ ಸೊಂಟ—" ಎಂದು ಅಣ್ಣ ಶುರು ಮಾಡಿದ.

ಅತ್ತಿಗೆ ಆಗಲೇ ಊದಿದ ಮಂಡಿ ಎಳೆದುಕೊಂಡು, ಕೋಲೂರಿ, ಗೇಟು ದಾಟಿ ಗುಡ್ಡದ ದಾರಿ ಹಿಡಿದಿದ್ದಳು. ಹಿಂದೆ ತಿರುಗಿ ನೋಡಲಿಲ್ಲ. ದೋಮ್ನಿಕಳ ಕೈ ಚಾಚಿದ್ದು ಚಾಚಿದ ಹಾಗೇ ಇತ್ತು. ಅಣ್ಣ ಕುಡುಗೋಲು ಬದಿಗಿಟ್ಟು ಚೀಲ ತೆಗೆದುಕೊಂಡ.